ಮೂರನೇ ಖಾನೆ

ಎದೆ ಗಟ್ಟಿ ಇದ್ದವರು ಮಾತ್ರ ಮುಂದಕ್ಕೆ ಓದಿ. ಮೆತ್ತಗಿದ್ದವರು ಇಲ್ಲೇ ಪುಸ್ತಕ ಮಡಚಿಟ್ಟು, ಒಂದು ಲೋಟ ಮಜ್ಜಿಗೆ ಕುಡಿದು ಮಲಗಿಬಿಡಿ. ಯಾಕೆಂದರೆ ನಿಮ್ಮ ಮುಂದೆ ನಿಂತಿರುವವನು ಅಂತಿಂಥವನಲ್ಲ. ಒಂದೊಂದೂ ಎರಡಂತಸ್ತಿನ ಮನೆಯಷ್ಟು ಎತ್ತರವಿದ್ದ ಹನ್ನೊಂದು ಬಾತುಮೂತಿಗಳನ್ನು ಬರೀ ಬಾಯಿಮಾತಿನಲ್ಲಿ ಹಿಮ್ಮೆಟ್ಟಿಸಿದ ಗಂಡು. ಕೈಯಲ್ಲಿ ಕೋಲಿಲ್ಲ, ಕಾಲಲ್ಲಿ ಚಪ್ಪಲಿಯಿಲ್ಲ, ಹಿಂದೆ ಜನ ಇಲ್ಲ. ನಾನು ಬಂದರೆ ಇಂಟರ್ವಲ್, ನಾನು ಹೋದರೆ ಶುಭಂ! ಹೆಸರು ತಿಪ್ಪೇಶ. ಊರಲ್ಲಿ ಡೈಲಾಗ್ ತಿಪ್ಪೇಶ ಅಂತಾರೆ. ನಂಬಿಕೆ ಬರದಿದ್ದರೆ ನಮ್ಮೂರಿಗೆ ಬಂದು ಟಾಕೀಸಿನ ಎಡಗಡೆ ಗೋಡೆ ನೋಡಿ. ನನ್ನ ಚಿತ್ರ ಬರೆಸಿದ್ದಾರೆ. ಮೂಗು ಸ್ವಲ್ಪ ದಪ್ಪ ಬಂದಿದೆ, ಅದು ಪೇಂಟರನ ತಪ್ಪು.

ನಮ್ಮ ಟಾಕೀಸಿನಲ್ಲಿ ಸಿನಿಮಾ ನಿಂತು ಎಷ್ಟೋ ವರ್ಷವಾಯಿತು. ಮೇಲೆ, ಪ್ರೊಜೆಕ್ಟರ್ ಇದ್ದ ಕೋಣೆಯಲ್ಲಿ, ಈಗ ಒಂದು ಕಂಪ್ಯೂಟರ್ ಇದೆ. ಅದರಲ್ಲಿ ಒಂದು ಆಟ ಸದಾ ಓಡುತ್ತಿರುತ್ತದೆ. ಡೈನೋಸಾರ್‌ಗಳ ನಡುವೆ ಬದುಕಿ ಉಳಿಯುವ ಆಟ. ಆಟದಲ್ಲಿ ಏನಿದೆಯೋ ಊರಿನಲ್ಲೂ ಅದೇ ಇರುತ್ತದೆ. ಸಂತೆ ಬೀದಿಯಲ್ಲಿ ಮೂರು ಕೊಂಬಿನ ಮುಕ್ಕೋಡು ಅಡ್ಡ ಮಲಗಿದ್ದರೆ ಸೊಪ್ಪಿನವರು ಅದರ ಬೆನ್ನಿನ ನೆರಳಲ್ಲೇ ಬುಟ್ಟಿ ಇಟ್ಟುಕೊಂಡು ಕೂರುತ್ತಾರೆ. ಉದ್ದಕತ್ತುಗಳು ಮಾಳಿಗೆ ಮೇಲೆ ಒಣಹಾಕಿದ ಹಪ್ಪಳಕ್ಕೆ ಮೂತಿ ಇಡುತ್ತವೆ ಎಂದು ಹೆಂಗಸರು ಹಪ್ಪಳವನ್ನು ಮಂಚದ ಕೆಳಗೆ ಒಣಗಿಸುವುದನ್ನು ಕಲಿತಿದ್ದಾರೆ. ಶಾಲೆಗೆ ತಡವಾಗಿ ಬಂದ ಹುಡುಗರು "ದಾರೀಲಿ ಬಾಲ ಅಡ್ಡ ಇತ್ತು ಸಾರ್" ಅಂದರೆ ಮೇಷ್ಟ್ರು ಯಾವುದರ ಬಾಲ ಎಂದು ಮಾತ್ರ ಕೇಳುತ್ತಾರೆ.

ಆಟಕ್ಕೆ ಹೊರಗಿನಿಂದ ಹೊಸ ಗುಣ ಜೋಡಿಸಬಹುದು. ಅದಕ್ಕೆ ಮಾಡ್ ಅಂತಾರೆ. ನಮ್ಮ ಕಂಪ್ಯೂಟರಿನಲ್ಲಿ ಮಾಡ್ ಹಾಕಲು ನಾಲ್ಕೇ ಖಾನೆ. ವರ್ಷಕ್ಕೊಂದು ದಿನ, ಆಯ್ಕೆಯ ದಿನ, ಖಾನೆಗಳು ತೆರೆದುಕೊಳ್ಳುತ್ತವೆ. ಸೂರ್ಯ ಮುಳುಗುತ್ತಿದ್ದಂತೆ ಮುಚ್ಚಿಕೊಳ್ಳುತ್ತವೆ. ಆಮೇಲೆ ತಲೆ ಚಚ್ಚಿಕೊಂಡರೂ ಒಂದು ವರ್ಷ ಏನೂ ಬದಲಾಗದು. ಇನ್ನೊಂದು ವಿಷಯ, ಇದು ಮುಖ್ಯ. ಒಂದು ಮಾಡ್ ತೆಗೆದರೆ ಅದು ಊರಿಗೆ ಏನೇನು ಕೊಟ್ಟಿತ್ತೋ ಅಷ್ಟೂ ಅದರ ಜೊತೆಗೆ ಹೋಗುತ್ತದೆ. ತೆಗೆದು ಹಾಕುವ ಕೆಲಸ ನಮ್ಮ ಮನೆತನದ್ದು. ಅಜ್ಜ ಮಾಡುತ್ತಿದ್ದ, ಅವನು ಹೋದ ಮೇಲೆ ನಾನು.

ಮೊದಲನೇ ಖಾನೆಯಲ್ಲಿ ಬೇಲಿ. ಮಾಂಸ ತಿನ್ನುವ ಗಿಡ್ಡಗೈಗಳು ಅದನ್ನು ದಾಟಿ ಬರುವುದಿಲ್ಲ. ಎರಡನೆಯದು ಹಗುರ. ಹೊತ್ತ ಭಾರ ಅರ್ಧವಾಗುತ್ತದೆ, ಹಾಗಾಗಿ ನಮ್ಮೂರ ಮುದುಕಿಯರು ಸೊಂಟಕ್ಕೊಂದು ತಲೆಗೊಂದು ಕೊಡ ಇಟ್ಟುಕೊಂಡು ಹರಟುತ್ತಾ ನಿಲ್ಲುತ್ತಾರೆ. ನಾಲ್ಕನೆಯದು ಹೋದ ವರ್ಷ ಹಾಕಿದ್ದು, ಸಗಣಿಯ ವಾಸನೆ ತೆಗೆಯುವಂಥದ್ದು. ಮೂರನೆಯದು ಏನು ಮಾಡುತ್ತದೆ ಎಂದು ಯಾರಿಗೂ ಗೊತ್ತಿರಲಿಲ್ಲ. ಪರದೆಯ ಮೇಲೆ ಅದರ ಹೆಸರು ಯಾವುದೋ ಪರದೇಶದ ಲಿಪಿಯಲ್ಲಿತ್ತು. ಅಜ್ಜ ಹಾಕಿದ್ದು. "ಅದನ್ನ ಮುಟ್ಟಬ್ಯಾಡ" ಎಂದಷ್ಟೇ ಹೇಳಿ ಕಣ್ಣು ಮುಚ್ಚಿದ್ದ.

ಈ ವರ್ಷದ ಆಯ್ಕೆಯ ದಿನ ಬೆಳಿಗ್ಗೆ ಟಾಕೀಸಿನ ಒಳಗೆ ಊರು ಸೇರಿತು. ಬೆಂಚುಗಳಲ್ಲಿ ಗಂಡಸರು, ನೆಲದಲ್ಲಿ ಹುಡುಗರು, ಬಾಲ್ಕನಿಯಲ್ಲಿ ಹೆಂಗಸರು. ಅಧ್ಯಕ್ಷ ಸಣ್ಣೀರಪ್ಪ ಬಿಳಿ ಪರದೆಯ ಮುಂದೆ ನಿಂತು, ಯಾರ್ಯಾರಿಗೆ ಯಾವ ಮಾಡ್ ಬೇಕು ಎಂದು ಕೇಳಿದ. ಮೇಷ್ಟ್ರು ಪರೀಕ್ಷೆಯ ತಿಂಗಳು ಪ್ರಾಣಿಗಳ ಬಾಯಿ ಮುಚ್ಚಿಸುವ ಮಾಡ್ ಕೇಳಿದರು. ಇನ್ಯಾರೋ ಮೋಡದ ಬಣ್ಣ ಬದಲಿಸುವುದನ್ನು ಕೇಳಿದರು. ಆಗ ಬಾಲ್ಕನಿಯಿಂದ ನನ್ನ ಅಕ್ಕ ಎದ್ದು ನಿಂತಳು.

ಅಕ್ಕನ ಹೆಸರು ಹೊನ್ನೂರಮ್ಮ. ನನಗಿಂತ ಹತ್ತು ವರ್ಷ ದೊಡ್ಡವಳು. ಅವ್ವ ತೀರಿಕೊಂಡ ಮೇಲೆ ನನ್ನ ತಲೆಗೆ ಎಣ್ಣೆ ಹಚ್ಚಿದವಳು, ನಾನು ಕಿಟಲೆ ಮಾಡಿದಾಗ ಊರಿನವರ ಬೈಗುಳ ತಿಂದವಳು ಅವಳೇ. ದಿನಾ ಸಂಜೆ ನಾಲ್ಕಕ್ಕೆ ಊರಾಚೆಯ ಮೊಟ್ಟೆ ಬಯಲಿಗೆ ಹೋಗಿ ಬಾತುಕೋಳಿಯಂಥ ಮೂತಿಯ ಬಾತುಮೂತಿಗಳ ಗೂಡಿನಿಂದ ಮೊಟ್ಟೆ ತರುವುದು ಅವಳ ಕೆಲಸ. ಒಂದೊಂದು ಮೊಟ್ಟೆ ಹಲಸಿನ ಹಣ್ಣಿನಷ್ಟು. ಊರಿಗೆಲ್ಲ ಬೆಳಗಿನ ತಿಂಡಿ ಅದೇ.

"ಬಯಲಾಗೆ ಯಾವುದು ಹಸಿದೈತೆ, ಯಾವುದು ಹೊಟ್ಟೆ ತುಂಬಿಸ್ಕೊಂಡೈತೆ ಅಂತ ತಿಳಿಯಲ್ಲಣ್ಣ," ಅಂದಳು. "ಹಸಿದಿರೋದು ಬುಟ್ಟಿ ಮೂಸಾಕೆ ತಲೆ ಬಗ್ಗಿಸಿದ್ರೆ ಸಾಕು, ನನ್ನ ಪಕ್ಕೆ ಮುರೀತೈತೆ. ಹಸಿವು ತೋರಿಸೋ ಪಟ್ಟಿ ಒಂದೈತಂತೆ. ಅದನ್ನ ಹಾಕ್ರಿ. ಬರೀ ನಂಗಲ್ಲ, ರಸ್ತೇಲಿ ಓಡಾಡೋ ಎಲ್ಲಾರ್ಗೂ ಅನುಕೂಲ."

"ಅದಕ್ಕೆ ಯಾವುದನ್ನ ತೆಗೀತೀಯವ್ವ?" ಅಂದ ಸಣ್ಣೀರಪ್ಪ.

"ಸಗಣಿ ವಾಸನೇದು."

ಮೊಟ್ಟೆ ದೋಸೆಯ ಹೋಟೆಲು ಇಟ್ಟಿರುವ ಕರಿಬಸಮ್ಮ ಕೂತಲ್ಲಿಂದಲೇ ಕೂಗಿದಳು. "ನನ್ ಹೋಟ್ಲು ಮುಂದೆ ಆ ಮುಕ್ಕೋಡು ದಿನಕ್ಕೆ ಎರಡು ಗಾಡಿ ಹಾಕ್ತೈತೆ. ಜನ ಮೂಗು ಮುಚ್ಕೊಂಡು ಬಾಯಿಗೆ ಹೆಂಗೆ ಹಾಕ್ಕಂತಾರೆ? ನೀನು ಬಂದು ತಿನ್ನಿಸ್ತೀಯಾ?"

"ಹೊನ್ನೂರಮ್ಮನ ಪಕ್ಕೆ ಮುರಿದ್ರೆ ಬಾಯಿಗೆ ಹಾಕ್ಕಳಾಕೆ ಏನಿರ್ತೈತೆ ಕರಿಬಸಕ್ಕ?" ಎಂದು ಬೇಲಿಯ ಕಾವಲುಗಾರ ಪಾಲಯ್ಯ ಅಂದ. ಜನ ನಕ್ಕರು. ಕೈ ಎತ್ತಿದರು. ಪಟ್ಟಿ ಗೆದ್ದಿತು.

ಸಂಪ್ರದಾಯದಂತೆ ನಾನು ಸೀಗೆಪುಡಿಯಲ್ಲಿ ಕೈ ತೊಳೆದುಕೊಂಡು ಮೇಲೆ ಹೋದೆ. ಸಾಕ್ಷಿಗೆ ಅಂತ ಸಣ್ಣೀರಪ್ಪ ಮತ್ತು ಮೇಷ್ಟ್ರು ಹಿಂದೆ ನಿಂತರು. ನಾಲ್ಕನೇ ಖಾನೆಯಿಂದ ವಾಸನೆಯದನ್ನು ತೆಗೆದೆ, ಹಸಿವಿನ ಪಟ್ಟಿ ಹಾಕಿದೆ. ಪರದೆಯ ಮೇಲೆ ಹಸಿರು ಗೆರೆ ತುಂಬತೊಡಗಿತು. ಅದು ಪೂರ್ತಿ ತುಂಬಲು ನಲವತ್ತು ನಿಮಿಷ ಹಿಡಿಯುತ್ತದೆ. ಸಾಕ್ಷಿಗಳು ಐದು ನಿಮಿಷ ನೋಡಿದರು. ಆಮೇಲೆ ಕೆಳಗಿನಿಂದ ಬೋಂಡಾದ ವಾಸನೆ ಬಂತು. ಸಾಕ್ಷಿಗಳು ಇಳಿದುಹೋದರು.

ಇಲ್ಲಿಂದ ಮುಂದಿನದು ಊರಿಗೆ ಗೊತ್ತಿಲ್ಲ. ನಿಮಗೆ ಹೇಳುತ್ತೇನೆ, ಯಾಕೆಂದರೆ ಕಿಟಲೆ ಮಾಡಿದವನಿಗೆ ಅದನ್ನು ಯಾರಿಗಾದರೂ ಹೇಳದಿದ್ದರೆ ಅನ್ನ ಇಳಿಯುವುದಿಲ್ಲ.

ಮಾಡ್‌ಗಳ ಸಾಲಿನಲ್ಲಿ ನಾನೊಂದರ ಮೇಲೆ ಮೊದಲೇ ಕಣ್ಣಿಟ್ಟಿದ್ದೆ. ದನಿ ಬದಲಿಸುವ ಮಾಡ್. ಪ್ರಾಣಿಗೆ ಸಿಟ್ಟು ಬಂದಾಗ ಗರ್ಜನೆಯ ಬದಲು ನಾವು ತುಂಬಿಸಿಟ್ಟ ಮಾತು ಹೊರಗೆ ಬರುತ್ತದೆ. ಯೋಚನೆ ಮಾಡಿ. ಸಂಜೆ ಐದಕ್ಕೆ ವಂದನಾರ್ಪಣೆ. ಸಣ್ಣೀರಪ್ಪ ಮೈಕಿನ ಮುಂದೆ ಗಂಟಲು ಸರಿಮಾಡಿಕೊಂಡು "ಮಹಾಜನಗಳೇ" ಅನ್ನಬೇಕು, ನಾನು ಹಿಂದಿನಿಂದ ಮುಕ್ಕೋಡಿನ ಬಾಲಕ್ಕೆ ಸೂಜಿ ಚುಚ್ಚಬೇಕು, ಅದು ತಲೆ ಎತ್ತಿ ನನ್ನ ದನಿಯಲ್ಲಿ ಡೈಲಾಗ್ ಹೊಡೆಯಬೇಕು! ಊರು ಹತ್ತು ವರ್ಷ ಆಡಿಕೊಂಡು ನಗುತ್ತಿತ್ತು. ಸೂರ್ಯ ಮುಳುಗುವ ಮೊದಲು ತೆಗೆದು, ಇದ್ದದ್ದನ್ನು ಇದ್ದಲ್ಲೇ ಇಟ್ಟರಾಯಿತು. ಯಾರಿಗೆ ನಷ್ಟ?

ಮೂರು ಡೈಲಾಗ್ ತುಂಬಿಸಿದೆ. ನಾನೇ ಬರೆದವು. ಗಂಟಲನ್ನು ಕಲ್ಲಿನ ಮೇಲೆ ಉಜ್ಜಿದ ಹಾಗೆ ಮಾಡಿಕೊಂಡು ಹೇಳಿದೆ. ಒಂದು, "ಯಾವನ್ಲೇ ಅವನು, ನನ್ನ ಏರಿಯಾಗೆ ಬಂದು ಬಾಲ ಬಿಚ್ಚೋನು?" ಎರಡು, "ಹಿಂದಕ್ಕೆ ಸರಿಯಲೇ! ನಾನು ನಿಂತಿರೋ ಜಾಗದಾಗೆ ಗಾಳಿನೂ ಕೇಳಿ ಬೀಸ್ತೈತೆ!" ಮೂರನೆಯದು ನನಗೆ ಬಹಳ ಇಷ್ಟವಾದದ್ದು, "ನನ್ನ ಮನೆ ಜೀವ ಮುಟ್ಟಿದೋನು ನಡ್ಕೊಂಡು ಮನೆಗೆ ಹೋದ ಇತಿಹಾಸಾನೇ ಇಲ್ಲ!"

ಹಾಕುವುದಕ್ಕೆ ಖಾನೆ ಬೇಕಲ್ಲ. ಬೇಲಿ ತೆಗೆಯುವಷ್ಟು ಹುಚ್ಚ ನಾನಲ್ಲ. ಹಗುರ ತೆಗೆದರೆ ಬೀದಿಯಲ್ಲಿ ಕೊಡ ಹೊತ್ತ ಮುದುಕಿಯರು ಅಲ್ಲೇ ಕುಸಿಯುತ್ತಾರೆ. ಪಟ್ಟಿ ಈಗ ತಾನೇ ಹಾಕಿದ್ದು. ಉಳಿದದ್ದು ಮೂರನೆಯದು. ಯಾರಿಗೂ ಗೊತ್ತಿಲ್ಲದ್ದು, ಯಾರೂ ಕೇಳದ್ದು. ತೆಗೆದೆ.

ಮಧ್ಯಾಹ್ನ ಒಂದೂವರೆಗೆಲ್ಲ ಎಲ್ಲ ಮುಗಿದಿತ್ತು. ಮೊದಲು ವಾಸನೆ ಬಂತು. ಕರಿಬಸಮ್ಮ ಹೋಟೆಲಿನ ಬಾಗಿಲಲ್ಲಿ ಸೆರಗಿನಿಂದ ಮೂಗು ಮುಚ್ಚಿಕೊಂಡು ನಿಂತು ಹೊನ್ನೂರಮ್ಮನ ವಂಶವನ್ನೆಲ್ಲ ಬೈದಳು. ಅದರಲ್ಲಿ ನಾನೂ ಬಂದೆ. ಆಮೇಲೆ ಪಟ್ಟಿಗಳು ಕಾಣಿಸಿಕೊಂಡವು. ಪ್ರತಿ ಪ್ರಾಣಿಯ ಕುತ್ತಿಗೆಯ ಮೇಲೆ ಗಾಳಿಯಲ್ಲಿ ತೇಲುವ ಅಕ್ಷರ. 'ಹೊಟ್ಟೆ ತುಂಬಿದೆ.' 'ಅರೆಹೊಟ್ಟೆ.' 'ಹಸಿದಿದೆ.' ಹುಡುಗರು ಬೀದಿ ಬೀದಿ ಓಡಿ ಓದುತ್ತಿದ್ದರು. ಸೊಪ್ಪಿನವರು 'ಹಸಿದಿದೆ' ಎಂದಿದ್ದ ಉದ್ದಕತ್ತಿನ ಪಕ್ಕದಿಂದ ಬುಟ್ಟಿ ಎತ್ತಿಕೊಂಡು 'ಹೊಟ್ಟೆ ತುಂಬಿದೆ' ಎಂದಿದ್ದರ ಪಕ್ಕಕ್ಕೆ ಹೋದರು. ಅಕ್ಕ ಮನೆಯ ಬಾಗಿಲಲ್ಲಿ ನಿಂತು ಒಂದೊಂದನ್ನೂ ಓದಿ ಹಿಗ್ಗುತ್ತಿದ್ದಳು. "ನೋಡಲೇ ತಿಪ್ಪಿ, ಇವತ್ತಿಂದ ನಾನು ಹೆದರ್ಕೊಂಡು ಹೋಗಂಗಿಲ್ಲ," ಅಂದಳು.

ನನ್ನ ಕಣ್ಣು ಮಾತ್ರ ಬೇರೇನನ್ನೋ ಹುಡುಕುತ್ತಿತ್ತು. ಮೂರನೆಯದು ಹೋಗಿದೆ, ಸರಿ. ಅದರ ಜೊತೆ ಏನು ಹೋಯಿತು? ಬೇಲಿ ಇತ್ತು. ಕೊಡ ಹಗುರವಾಗಿತ್ತು. ಬಾವಿಯಲ್ಲಿ ನೀರಿತ್ತು. ಮನೆಗಳ ಗೋಡೆ ಲೆಕ್ಕ ಹಾಕಿದೆ, ಸೇತುವೆಯ ಮೇಲೆ ಕುಣಿದು ನೋಡಿದೆ. ಏನೂ ಕಾಣೆಯಾಗಿರಲಿಲ್ಲ. ಏನೂ ಕಾಣೆಯಾಗದಿದ್ದದ್ದೇ ನನ್ನನ್ನು ಕಾಡತೊಡಗಿತು. ಮನೆಯಲ್ಲಿ ಏನೋ ಕಳುವಾಗಿದೆ ಎಂದು ಗೊತ್ತಿದ್ದೂ ಏನೆಂದು ಗೊತ್ತಾಗದಿದ್ದರೆ ಹೇಗಿರುತ್ತದೆ, ಹಾಗೆ.

ಮೂರೂವರೆಗೆ ಟಾಕೀಸಿನ ಗೇಟಿನಲ್ಲಿ ಮಾಬು ತಾತ ಕುಕ್ಕರುಗಾಲಲ್ಲಿ ಕೂತು ಟೀ ಹೀರುತ್ತಿದ್ದ. ಸಿನಿಮಾ ಇದ್ದ ಕಾಲದಲ್ಲಿ ಟಿಕೆಟ್ ಹರಿಯುತ್ತಿದ್ದವನು, ಅಜ್ಜನ ಜೀವದ ಗೆಳೆಯ. ಸುಮ್ಮನೆ ಮಾತಿಗೆಂಬಂತೆ ಕೇಳಿದೆ.

"ತಾತ, ಆ ಮೂರನೇ ಖಾನೇದು ಏನು ಮಾಡ್ತಿತ್ತು?"

"ಮಾಡ್ತಿತ್ತು ಅಂದ್ರೆ?" ಲೋಟ ತುಟಿಯಿಂದ ಇಳಿಯಿತು. "ಮಾಡ್ತೈತೆ ಅನ್ನಲೇ."

ನಾನು ಹಲ್ಲು ಕಿರಿದೆ. ಎಲ್ಲ ಕಡೆಯೂ ನಡೆಯುವ ಕಿರಿತ ಅದು, ಅವತ್ತು ನಡೆಯಲಿಲ್ಲ.

"ತೆಗೆದ್ಯೇನಲೇ?"

"ಒಂದು ಗಳಿಗೆಗೆ ಅಷ್ಟೇ ತಾತ. ತಮಾಷೆಗೆ."

ತಾತ ಲೋಟವನ್ನು ನೆಲಕ್ಕಿಡಲು ಹೋದ, ಅದು ಉರುಳಿತು. "ನಿಂಗೆ ಗೊತ್ತಿಲ್ಲ. ನಿಂಗೆ ಹ್ಯಾಗೆ ಗೊತ್ತಿರ್ತದೆ. ನಾವು ಸಣ್ಣೋರಿದ್ದಾಗ ಆ ಮೊಟ್ಟೆ ಬಯಲಿಗೆ ಯಾರೂ ಹೋಗ್ತಿರ್ಲಿಲ್ಲ. ಹೋದೋರು ಇಬ್ರು. ನಿಮ್ಮಜ್ಜನ ತಮ್ಮ ಒಬ್ಬ. ಇಬ್ರನ್ನೂ ಬಾಗಿಲು ಕಿತ್ತು ಅದರ ಮೇಲೆ ಮಲಗಿಸ್ಕೊಂಡು ತಂದ್ವಿ. ಎಂಥ ಸಾಧು ಪ್ರಾಣಿ ಬಾತುಮೂತಿ, ಹುಲ್ಲು ತಿನ್ನೋದು. ಆದ್ರೆ ಮೊಟ್ಟೆ ಮುಟ್ಟಿದ್ರೆ ಅದು ತಾಯಿ ಅಲ್ವೇನಲೇ? ಊರಾಗೆ ತಿನ್ನಾಕೆ ಏನೂ ಇರ್ಲಿಲ್ಲ ಆವಾಗ. ನಿಮ್ಮಜ್ಜ ಆ ಮೂರನೇದು ಹಾಕ್ದ. ಮೊಟ್ಟೆ ಇಟ್ಟ ಗಳಿಗೆಗೆ ತಾಯಿ ಅದನ್ನ ಮರೀತದೆ. ಯಾರು ಎತ್ಕೊಂಡು ಹೋದ್ರೂ ಅದಕ್ಕೆ ಗೊತ್ತಾಗಲ್ಲ."

"ಇದನ್ನ ಯಾಕೆ ಯಾರ್ಗೂ ಹೇಳಿಲ್ಲ?"

"ಹೇಳಿದ್ರೆ ಯಾರ ಗಂಟ್ಲಾಗೆ ಇಳೀತಿತ್ತು? ಊರು ಉಣ್ಣಲಿ, ಪಾಪ ನಂಗಿರ್ಲಿ ಅಂದ." ಆಮೇಲೆ ಒಮ್ಮೆಲೇ ನನ್ನ ಅಂಗಿ ಹಿಡಿದು ಎಳೆದ. "ಹೊನ್ನೂರಿ ಎಲ್ಲಿ?"

ಅಕ್ಕ ಆಗಲೇ ಹೊರಟುಹೋಗಿದ್ದಳು. ಹೊಸ ಪಟ್ಟಿ ನೋಡುವ ಆಸೆಗೆ ಅರ್ಧ ಗಂಟೆ ಮುಂಚೆಯೇ.

ನಾನು ಮೆಟ್ಟಿಲು ಹತ್ತಿದೆ. ಮೂರನೆಯದನ್ನು ವಾಪಸು ಹಾಕಬೇಕು. ಯಂತ್ರ ಕೇಳಿತು, ಯಾವುದನ್ನು ತೆಗೆಯಲಿ? ದನಿಯ ಮಾಡ್ ಮೇಲೆ ಬೆರಳಿಟ್ಟೆ. ಒಂದು ಗಳಿಗೆ ಬೆರಳು ಅಲ್ಲೇ ನಿಂತಿತು. ಒಂದು ಗಳಿಗೆ ಅಲ್ಲ, ಎರಡು ಮೂರು ನಿಮಿಷ. ಬೇರೆ ಯಾವುದಾದರೂ ಖಾನೆ ಸಿಗುತ್ತದೆಯೇ, ಐದು ಗಂಟೆಯ ತಮಾಷೆ ಉಳಿಯುತ್ತದೆಯೇ ಎಂದು ಲೆಕ್ಕ ಹಾಕುತ್ತಿದ್ದೆ. ಅಕ್ಕ ಬಯಲಲ್ಲಿದ್ದಾಗ ನಾನು ಅದನ್ನು ಲೆಕ್ಕ ಹಾಕುತ್ತಿದ್ದೆ. ಕೊನೆಗೆ ಒತ್ತಿದೆ. ಹಸಿರು ಗೆರೆ ಶುರುವಾಯಿತು. ಗೋಡೆಯ ಗಡಿಯಾರದಲ್ಲಿ ಮೂರು ನಲವತ್ತು. ಅಂದರೆ ನಾಲ್ಕು ಇಪ್ಪತ್ತಕ್ಕೆ ಮುಗಿಯುತ್ತದೆ. ಅಲ್ಲಿಯವರೆಗೆ ತಾಯಂದಿರಿಗೆ ನೆನಪಿರುತ್ತದೆ.

ಓಡಿದೆ. ಚಪ್ಪಲಿ ಟಾಕೀಸಿನ ಮೆಟ್ಟಿಲಲ್ಲೇ ಉಳಿಯಿತು. ಸಂತೆ ಬೀದಿ ದಾಟಿದೆ, "ಏನ್ಲೇ, ಯಾರ ಕೋಳಿ ಕದ್ದೆ?" ಎಂದು ಯಾರೋ ಕೂಗಿದರು. ಕೆರೆಯ ಏರಿ ಹತ್ತಿ ಇಳಿದೆ. ಗಾಡಿದಾರಿಯ ಕಲ್ಲು ಅಂಗಾಲಿಗೆ ಚುಚ್ಚುತ್ತಿತ್ತು. ದಾರಿಯುದ್ದಕ್ಕೂ ನನಗೆ ನಾನೇ ಹೇಳಿಕೊಳ್ಳುತ್ತಿದ್ದೆ, ಅಕ್ಕ ಇನ್ನೂ ಗೂಡಿನ ಹತ್ತಿರ ಹೋಗಿರುವುದಿಲ್ಲ, ಪಟ್ಟಿ ಓದುತ್ತಾ ನಿಂತಿರುತ್ತಾಳೆ. ಏದುಸಿರಿನಲ್ಲಿ ಬಯಲಿನ ಅಂಚಿಗೆ ಬಂದೆ. ಹನ್ನೊಂದು ಗುಡ್ಡೆಯಂಥ ಮೈಗಳು ಬಿಸಿಲಲ್ಲಿ ನಿಂತಿದ್ದವು. ಹನ್ನೊಂದರ ಮೇಲೂ ಒಂದೇ ಬರಹ: 'ಹೊಟ್ಟೆ ತುಂಬಿದೆ.' ಆ ಬರಹಗಳ ನಡುವೆ, ಬುಟ್ಟಿ ತಲೆಯ ಮೇಲಿಟ್ಟುಕೊಂಡು, ಅಕ್ಕ ನಡೆದು ಬರುತ್ತಿದ್ದಳು. ಬುಟ್ಟಿ ತುಂಬಿತ್ತು.

ಆಮೇಲೆ ನಡೆದದ್ದನ್ನು ಪಾಲಯ್ಯನ ಬಾಯಿಂದಲೇ ಕೇಳಿ. ಅವನು ಅರ್ಧ ಮೈಲಿ ದೂರದ ಕಾವಲು ಗೋಪುರದ ಮೇಲಿದ್ದ. ಅವತ್ತೇ ಸಂಜೆ, ವಂದನಾರ್ಪಣೆಯ ಮೈಕನ್ನು ಸಣ್ಣೀರಪ್ಪನ ಕೈಯಿಂದ ಕಿತ್ತುಕೊಂಡು ಊರಿಗೆಲ್ಲ ಹೇಳಿದ.

"ನಾನು ನೋಡ್ತಾ ಇದ್ದೀನಿ, ಮೊದಲು ಒಂದು ಬಾತುಮೂತಿ ಗೂಡು ಮೂಸ್ತು. ಆಮೇಲೆ ತಲೆ ಎತ್ತಿ ಈ ಹೊನ್ನೂರಮ್ಮನ್ನ ನೋಡ್ತು. ಆಮೇಲೆ ಎಲ್ಲವೂ! ಹಿಂಗೆ ಅವು ಓಡಿದ್ದನ್ನ ನಾನು ಹುಟ್ಟಿದಾಗಿಂದ ಕಂಡಿಲ್ಲ ಮಾರಾಯ್ರೇ, ಗೋಪುರ ಅಲ್ಲಾಡ್ತು. ಹೊನ್ನೂರಮ್ಮ ಬುಟ್ಟಿ ಹಿಡ್ಕೊಂಡೇ ಬಯಲಾಗಿರೋ ಅಟ್ಟಣೆ ಏಣಿಗೆ ಓಡಿದ್ಲು. ಹತ್ತಿದ್ಲು. ನಾಕು ಮೆಟ್ಲು ಹತ್ತಿದ್ದು ನಾನೇ ಕಂಡೆ. ಆಮೇಲೆ ಧೂಳು. ಧೂಳಾಗೆ ಇಳಿದ್ಲು. ಯಾಕೆ ಇಳಿದ್ಲೋ ನಂಗೆ ತಿಳೀಲಿಲ್ಲ. ಅಷ್ಟರಾಗೆ ಕೇಳ್ತು ನೋಡ್ರಿ ಇವನ ದನಿ!"

ಪಾಲಯ್ಯ ನನ್ನ ಹೆಗಲ ಮೇಲೆ ಕೈ ಹಾಕಿ ಅಲ್ಲಾಡಿಸಿದ.

"'ಹಿಂದಕ್ಕೆ ಸರಿಯಲೇ' ಅಂತ! 'ನನ್ನ ಮನೆ ಜೀವ ಮುಟ್ಟಿದೋನು' ಅಂತ! ಒಂದು ದಿಕ್ಕಿಂದ ಅಲ್ಲ, ಎಂಟೂ ದಿಕ್ಕಿಂದ! ಒಬ್ಬನೇ ಹುಡುಗ, ಹನ್ನೊಂದು ಜನ ಕೂಗಿದಂಗೆ. ಕಾಲು ಗಂಟೆ ಬಿಡ್ದಂಗೆ ಕೂಗಿದ ಕಣ್ರಪ್ಪ. ಆಮೇಲೆ ಗಪ್ ಅಂತ ಎಲ್ಲಾ ನಿಂತುಬಿಡ್ತು. ಧೂಳು ಇಳಿದ ಮ್ಯಾಲೆ ನೋಡ್ತೀನಿ, ಹನ್ನೊಂದೂ ಹುಲ್ಲು ಮೇಯ್ತಾ ನಿಂತವೆ. ಕರು ಇದ್ದಂಗೆ!"

ಅಕ್ಕ ಕುರ್ಚಿಯಲ್ಲಿ ಕೂತಿದ್ದಳು. ಬಲಗೈಗೆ ಬಿದಿರಿನ ದಬ್ಬೆ ಕಟ್ಟಿದ್ದರು. ಒಂದು ಬಾಲ ತಗುಲಿ ಮೂಳೆ ಮುರಿದಿತ್ತು. ಸಣ್ಣೀರಪ್ಪ ಕೇಳಿದ, "ಹೌದೇನವ್ವ?"

"ಹೌದು," ಅಂದಳು ಅಕ್ಕ. "ನನ್ ತಮ್ಮ ಬಂದಿದ್ದ. ಅವನ ದನಿ ನಾನೇ ಕೇಳಿದ್ನಲ್ಲ."

ಟಾಕೀಸು ಬಿರಿಯುವಂತೆ ಶಿಳ್ಳೆ. ನನ್ನನ್ನು ಎತ್ತಿದರು. ಬಾತುಮೂತಿಗಳಿಗೆ ಅವತ್ತು ಯಾಕೆ ತಲೆ ಕೆಟ್ಟಿತು ಎಂದು ಯಾರೂ ಕೇಳಲಿಲ್ಲ. ಬಿಸಿಲು ಜಾಸ್ತಿ ಅಂದರು, ಹೊಸ ಪಟ್ಟಿ ಕಣ್ಣಿಗೆ ಕುಕ್ಕಿರಬೇಕು ಅಂದರು. ಸಗಣಿಯ ವಾಸನೆ ವಾಪಸು ಬಂದದ್ದಕ್ಕೇ ಅವು ಕೆರಳಿದ್ದು ಎಂದು ಕರಿಬಸಮ್ಮ ವಾದ ಮಾಡಿದಳು. ಆಮೇಲೆ ಮೊರದಗಲದ ಮೊಟ್ಟೆ ದೋಸೆ ತಂದು "ತಿನ್ನಲೇ ಗಂಡುಗಲಿ" ಎಂದು ನನ್ನ ಮುಂದಿಟ್ಟಳು. ಮಾಬು ತಾತ ಗೇಟಿನಿಂದ ಒಳಗೆ ಬರಲೇ ಇಲ್ಲ. ದೂರದಿಂದ ನನ್ನನ್ನು ನೋಡಿ, ಬೀಡಿ ಆರಿಸಿ, ಎದ್ದು ಹೋದ. ಸೂರ್ಯ ಮುಳುಗಿತು. ಖಾನೆಗಳು ಮುಚ್ಚಿಕೊಂಡವು. ಮೂರನೆಯದು ಮೂರನೆಯದರಲ್ಲೇ ಇತ್ತು.

ದೋಸೆಯ ಒಂದು ಚೂರು ಬಾಯಿಗಿಟ್ಟುಕೊಂಡೆ. ಹೊರಗೆ ಹೋಗಿ ಉಗಿದು ಬಂದೆ.

ಈಗ ಹೇಳಿಬಿಡುತ್ತೇನೆ. ಗೋಡೆಯ ಮೇಲೆ ಚಿತ್ರ ಬರೆಸಿಕೊಂಡವನು ಅವತ್ತು ಬಯಲಿಗೆ ಕಾಲಿಡಲೇ ಇಲ್ಲ.

ಅಕ್ಕನನ್ನು ನೋಡಿದೆ ಅಂದೆನಲ್ಲ, ಆಗ ನಮ್ಮಿಬ್ಬರ ನಡುವೆ ಮೂವತ್ತು ಹೆಜ್ಜೆ ಇತ್ತು. ಕೂಗಬೇಕಿತ್ತು, "ಅಕ್ಕ, ಮೊಟ್ಟೆ ಇಳಿಸು" ಎಂದು. ಬಾಯಿ ತೆರೆದೆ. ಅದೇ ಹೊತ್ತಿಗೆ ಮೊದಲ ಬಾತುಮೂತಿ ಗೂಡಿನಿಂದ ತಲೆ ಎತ್ತಿ, ನನ್ನದೇ ದನಿಯಲ್ಲಿ, "ಯಾವನ್ಲೇ ಅವನು" ಎಂದಿತು. ನನ್ನ ಬಾಯಿಂದ ಏನೂ ಬರಲಿಲ್ಲ. ಗಾಡಿದಾರಿಯ ಕೆಳಗೆ ನೀರು ಹೋಗಲು ಹಾಕಿದ ಸಿಮೆಂಟಿನ ಮೋರಿ ಇದೆ. ಅದರೊಳಗೆ ನುಗ್ಗಿದೆ. ಮೊಣಕಾಲಿಗೆ ಮುಖ ಒತ್ತಿಕೊಂಡು ಕೂತೆ. ಪ್ಯಾಂಟು ಒದ್ದೆಯಾಯಿತು. ಮೋರಿಯಲ್ಲಿ ನೀರಿರಲಿಲ್ಲ.

ಮುಖ ಎತ್ತಿದರೆ ಮೋರಿಯ ಬಾಯಿಂದ ಒಂದು ಗುಂಡನೆಯ ಚೂರು ಬಯಲು ಕಾಣುತ್ತಿತ್ತು. ಅದರಲ್ಲಿ ಅಟ್ಟಣೆಯ ಏಣಿ ಇತ್ತು. ಅಕ್ಕ ಹತ್ತುತ್ತಿದ್ದಳು. ಅಟ್ಟಣೆಯವರೆಗೆ ಹತ್ತಿದ್ದರೆ ಯಾವ ಬಾಲಕ್ಕೂ ಎಟುಕುತ್ತಿರಲಿಲ್ಲ. ಸುತ್ತಲೂ ಹನ್ನೊಂದು ತಾಯಂದಿರು ನನ್ನ ಗಂಟಲಿನಿಂದ ಕೂಗುತ್ತಿದ್ದರು. "ಹಿಂದಕ್ಕೆ ಸರಿಯಲೇ! ನನ್ನ ಮನೆ ಜೀವ ಮುಟ್ಟಿದೋನು!" ಆ ಮಾತನ್ನು ನಾನು ಕನ್ನಡಿಯ ಮುಂದೆ ನಿಂತು ಎಷ್ಟು ಸಲ ಹೇಳಿ ನೋಡಿದ್ದೆ. ಅವು ಹೇಳಿದ ಹಾಗೆ ನನಗೆ ಯಾವತ್ತೂ ಬಂದಿರಲಿಲ್ಲ.

ಅಕ್ಕ ಏಣಿಯ ಮೇಲೆ ನಿಂತಳು. ಕಿವಿಗೊಟ್ಟಳು. ಆಮೇಲೆ ಇಳಿದಳು.

"ತಿಪ್ಪಿ! ಬರಬ್ಯಾಡ ಕಣೋ! ಓಡು! ಎಲ್ಲಿದ್ದೀಯೋ?" ಎನ್ನುತ್ತಾ ಧೂಳಿನೊಳಗೆ ನುಗ್ಗಿದಳು. ಯಾವ ಕಡೆಯಿಂದ ನನ್ನ ದನಿ ಬರುತ್ತದೋ ಆ ಕಡೆಗೆ ಓಡುತ್ತಿದ್ದಳು. ಅಲ್ಲಿ ಒಂದು ತಾಯಿ. ಇನ್ನೊಂದು ಕಡೆ ಓಡುತ್ತಿದ್ದಳು. ಅಲ್ಲಿ ಇನ್ನೊಂದು. ಕಾಲು ಗಂಟೆ ಅವಳು ನನ್ನನ್ನು ಹುಡುಕಿದಳು. ಕೈ ಮುರಿದ ಸದ್ದು ನನಗೆ ಕೇಳಿಸಿತು. ಆಮೇಲೂ ಅವಳು ನನ್ನ ಹೆಸರೇ ಕೂಗಿದಳು. ಅಷ್ಟೂ ಹೊತ್ತು ನಾನು ಕಿವಿ ಮುಚ್ಚಿಕೊಂಡು ಕೂತಿದ್ದೆ, ಆದರೂ ಕೇಳುತ್ತಿತ್ತು. ಮೋರಿಯೊಳಗಿಂದ ಒಂದೇ ಒಂದು ಸಲ "ಅಕ್ಕ, ನಾನಿಲ್ಲಿದ್ದೀನಿ" ಎಂದಿದ್ದರೆ ಸಾಕಿತ್ತು, ಅವಳು ಏಣಿ ಹತ್ತುತ್ತಿದ್ದಳು.

ಆಮೇಲೆ ಕೂಗು ಅರ್ಧಕ್ಕೆ ನಿಂತಿತು. ಟಾಕೀಸಿನಲ್ಲಿ ಗೆರೆ ತುಂಬಿ, ದನಿಯ ಮಾಡ್ ಹೋಗಿ ಮೂರನೆಯದು ವಾಪಸು ಬಂದಿತ್ತು. ತಾಯಂದಿರು ಬಾಯಿ ತೆರೆದವರು ತೆರೆದ ಹಾಗೇ ಒಂದು ಗಳಿಗೆ ನಿಂತರು, ಯಾಕೆ ಇಲ್ಲಿಗೆ ಬಂದೆವು ಎಂಬಂತೆ. ಒಂದರ ಕಾಲಡಿಯಲ್ಲಿ ಒಡೆದ ಮೊಟ್ಟೆಯಿತ್ತು. ಅದು ಅದನ್ನು ಮೂಸಿ ನೋಡಿ, ದಾಟಿಹೋಗಿ, ಹುಲ್ಲಿಗೆ ಬಾಯಿ ಹಾಕಿತು.

ನಾನು ಮೋರಿಯ ಇನ್ನೊಂದು ಬಾಯಿಂದ ಹೊರಗೆ ಬಂದೆ. ಮಣ್ಣು ತೆಗೆದು ಪ್ಯಾಂಟಿಗೆ ಮುಖಕ್ಕೆ ಬಳಿದುಕೊಂಡೆ. ಸುತ್ತುಹಾಕಿ, ಧೂಳು ಇಳಿಯುವ ಮೊದಲು, ಬಾತುಮೂತಿಗಳ ಹಿಂದಿನಿಂದ ನಡೆದು ಬಂದೆ. ಅಕ್ಕ ಕಂಡಳು. ಮುರಿದ ಕೈಯನ್ನು ಹೊಟ್ಟೆಗೆ ಒತ್ತಿಕೊಂಡು ಓಡಿಬಂದು, ಇನ್ನೊಂದು ಕೈಯಿಂದ ನನ್ನ ತಲೆ, ಭುಜ, ಬೆನ್ನು ಎಲ್ಲ ಮುಟ್ಟಿ ಮುಟ್ಟಿ ನೋಡಿದಳು.

"ನಿಂಗೇನೂ ಆಗಿಲ್ಲ ತಾನೇ?" ಅಂದಳು.

"ಇಲ್ಲಕ್ಕ," ಅಂದೆ. ಅವತ್ತು ನಾನು ಆಡಿದ ಮಾತುಗಳಲ್ಲಿ ಅದೊಂದೇ ನಿಜ.